ಸಿರುಗುಪ್ಪಕ್ಕೆ ಬಂದ ಅಳಿವೆ ಮೀನು

ನಾನು ಮದುವೆಯಾಗಿ ಸಿರುಗುಪ್ಪಕ್ಕೆ ಬಂದಾಗ ಬಳ್ಳಾರಿ ಜಿಲ್ಲೆ ಮದ್ರಾಸಿಗೆ ಸೇರಿತ್ತು, ನನ್ನ ತವರು ಕಾರವಾರ ಮುಂಬಯಿಗೆ. ಅಪ್ಪ ಬಳ್ಳಾರಿ ರೈಲು ನಿಲ್ದಾಣದಲ್ಲಿ ಕೆಲಸಕ್ಕಿದ್ದಾಗ ಕುದುರಿದ ಸಂಬಂಧ ಅದು. ಕಡಲ ಪಕ್ಕದಲ್ಲಿ ಅಜ್ಜಿಯ ಕೈಯಲ್ಲಿ ಬೆಳೆದ ನನಗೆ ಜೋಳದ ರೊಟ್ಟಿ, ಖಾರ, ಬಿಸಿಲು ಎಲ್ಲವೂ ಬೇಗ ಒಗ್ಗಿದವು. ಅತ್ತೆಯ ಮಾತು ಮಾತ್ರ ಒಗ್ಗಲಿಲ್ಲ. ಅವರು ಕನ್ನಡದಲ್ಲಿ ಶುರುಮಾಡಿ ತೆಲುಗಿನಲ್ಲಿ ಮುಗಿಸುತ್ತಿದ್ದರು. ನನ್ನ ಕನ್ನಡ ಅವರ ಕಿವಿಗೆ ಕೊಂಕಣಿಯಂತೆ ಕೇಳುತ್ತಿತ್ತು. ಮೊದಲ ವರ್ಷ ನಾವಿಬ್ಬರೂ ಹೆಚ್ಚಾಗಿ ತಲೆಯಾಡಿಸಿಯೇ ಕಾಲ ಹಾಕಿದೆವು.

ನಾನು ಬಸುರಿಯಾದಾಗ ಅತ್ತೆ ಎದುರಿಗೆ ಬಂದು ಕೂತರು.

“ಏನ್ ತಿನ್ನಾಕ ಮನಸಾಗೇತಿ, ಬಾಯಿ ಬಿಟ್ಟು ಹೇಳು.”

“ಮೀನು,” ಎಂದೆ.

“ಅದಕ್ಯಾಕ ಇಷ್ಟು ನಾಚ್ಕಿ? ಹೊಳಿ ಇಲ್ಲೇ ಐತಲ್ಲ.”

ಅಂದೇ ನನ್ನ ಗಂಡ ಕೆಂಚನಗುಡ್ಡದ ಕಡೆಯಿಂದ ಹೊಳೆಮೀನು ತಂದರು. ಒಳ್ಳೆಯ ಮೀನೇ. ಆದರೆ ಎರಡು ತುತ್ತು ತಿನ್ನುವಷ್ಟರಲ್ಲಿ ಅಳು ಬಂತು. ನನಗೆ ಬೇಕಾಗಿದ್ದುದು ನಮ್ಮ ಅಳಿವೆಯ ಮೀನು, ಹೊಳೆ ಕಡಲಿಗೆ ಸೇರುವಲ್ಲಿ ಸಿಗುವಂಥದ್ದು. ಬಂಗುಡೆಗಿರುವ ಹೆಸರು ಅದಕ್ಕಿಲ್ಲ. ಪೇಟೆಗೆ ಬರುವುದೂ ಅಪರೂಪ. ಕಡಲ ನೀರು ಉಕ್ಕಿ ಭರತ ಏರುವಾಗ ಬಂಡೆಗಳ ಹತ್ತಿರ ಬಂದು ಚಿಪ್ಪು ಒಡೆದು ತಿನ್ನುತ್ತದೆ, ಗಾಳ ಹಾಕಿದವರಿಗೆ ಒಂದೋ ಎರಡೋ ಸಿಕ್ಕರೆ ಪುಣ್ಯ. ಅಜ್ಜಿ ಅದನ್ನು ಬರೀ ಅಳಿವೆ ಮೀನು ಅನ್ನುತ್ತಿದ್ದಳು. ಇಂಗ್ಲಿಷಿನಲ್ಲಿ ಅದರ ಜಾತಿಗೆ ಸೀ ಬ್ರೀಮ್ ಅನ್ನುತ್ತಾರೆಂದು ಎಷ್ಟೋ ವರ್ಷಗಳ ಮೇಲೆ ತಿಳಿಯಿತು.

ಇದನ್ನೆಲ್ಲ ಅತ್ತೆಗೆ ಅಳುತ್ತಲೇ ಹೇಳಿದೆ. ಅವರು ಸಟ್ಟನೆ ಎದ್ದು ಹೊರಗೆ ಹೋದರು. ಸಿಟ್ಟಾದರೆಂದುಕೊಂಡೆ.

ಕೆಲವು ದಿನಗಳ ಮೇಲೆ ನನ್ನ ಅಣ್ಣ ಬಾಗಿಲಲ್ಲಿ ನಿಂತಿದ್ದ, ತಲೆಯ ಮೇಲೊಂದು ತಗಡಿನ ಡಬ್ಬಿ. ಅವನು ಹುಬ್ಬಳ್ಳಿಯಿಂದ ಬಳ್ಳಾರಿಗೆ ಬರುವ ಗೂಡ್ಸ್ ಗಾಡಿಯಲ್ಲಿ ಕಲ್ಲಿದ್ದಲು ಹಾಕುವ ಕೆಲಸದಲ್ಲಿದ್ದ. ಭತ್ತ ಮಾರಲು ಬಳ್ಳಾರಿಗೆ ಹೊರಟ ನನ್ನ ಗಂಡನ ಕೈಯಲ್ಲಿ ಅತ್ತೆಯೇ ಅವನಿಗೆ ಹೇಳಿಕಳಿಸಿದ್ದರಂತೆ. ಕಾರವಾರದಿಂದ ಲಾರಿಯಲ್ಲಿ ಬಂದ ಮೀನಿಗೆ ಅವನು ಹುಬ್ಬಳ್ಳಿಯಲ್ಲಿ ಮತ್ತೆ ಬರ್ಫದ ಗಡ್ಡೆ ತುಂಬಿ, ಹೊಟ್ಟು ಮುಚ್ಚಿ ತಂದಿದ್ದ. ಬಳ್ಳಾರಿಯಿಂದ ಬರುವ ದಾರಿಯಲ್ಲಿ ಮೋಕ ಊರು ದಾಟಿದ ಮೇಲೆ ಬಸ್ಸಿನವರೆಲ್ಲ ಮೂಗು ಮುಚ್ಚಿಕೊಂಡರು ಎಂದು ನಕ್ಕ.

ಡಬ್ಬಿಯಲ್ಲಿ ಎರಡು ಮೀನು. ಬೆಳ್ಳಿ ಮೈ, ಬೆನ್ನ ಮೇಲೆ ಮುಳ್ಳಿನ ಸಾಲು, ಹೊಟ್ಟೆಯ ಕೆಳಗಿನ ರೆಕ್ಕೆಗಳಿಗೆ ಅರಿಶಿನ ಹಚ್ಚಿದಂಥ ಹಳದಿ. ಅತ್ತೆ ಒಂದನ್ನು ಎತ್ತಿ, ಬೆರಳಿನಿಂದ ಬಾಯಿ ಅಗಲಿಸಿ ನೋಡಿದರು.

“ಇದಕ ದವಡಿ ಹಲ್ಲು ಅದಾವಲ್ಲೇ. ಮನಷ್ಯಾರ ಹಲ್ಲು ಇದ್ದಂಗ ಅದಾವು.”

“ಚಿಪ್ಪು ಒಡೆಯಬೇಕಲ್ಲ ಅತ್ತೆ, ಅದಕ್ಕೆ.”

ಅತ್ತೆ ತಮ್ಮ ಬೋಳು ವಸಡನ್ನು ನಾಲಿಗೆಯಿಂದ ಸವರಿಕೊಂಡರು. “ಹಂಗಾರ ಇದು ನನಗಿಂತ ಚಲೋ ಅಗೀತೈತಿ,” ಎಂದವರೇ ನಗತೊಡಗಿದರು. ಅವರು ಹಾಗೆ ನಕ್ಕಿದ್ದನ್ನು ನಾನು ಕಂಡಿರಲಿಲ್ಲ. ನಾನೂ ನಕ್ಕೆ. ಇಬ್ಬರೂ ಗೋಡೆಗೆ ಒರಗಿಕೊಂಡು, ಕಣ್ಣಲ್ಲಿ ನೀರು ಬರುವ ತನಕ ನಕ್ಕೆವು. ಓಣಿಯ ಹೆಂಗಸರು ಹಲ್ಲಿನ ಮೀನು ನೋಡಲು ಬಂದರು.

ಸಾರಿಗೆ ತೆಂಗಿನಕಾಯಿ ಬೇಕು ಎಂದೆ. ಮನೆಯಲ್ಲಿದ್ದುದು ಕುರುಗೋಡಿನ ದೇವರ ಗುಡಿಯಿಂದ ತಂದ ಒಂದು ಹೋಳು.

“ಅದು ಪರಸಾದ. ಮೀನಿಗೆ ಹಾಕಾಂಗಿಲ್ಲ,” ಎಂದರು ಅತ್ತೆ.

ನನ್ನೊಂದಿಗೆ ಅಷ್ಟು ದಿನ ಒಂದು ಮಾತೂ ಆಡದಿದ್ದ ಮಾವ ಪಡಸಾಲೆಯಿಂದ ಎದ್ದು, ಚಪ್ಪಲಿ ಮೆಟ್ಟಿ ಹೊರಗೆ ಹೋದರು. ಬರುವಾಗ ಎರಡು ಕಂಕುಳಲ್ಲೂ ಒಂದೊಂದು ಕಾಯಿ.

ಒಂದು ಮೀನು ನನ್ನ ಪಾಲಿಗೆ, ಒಂದು ಅತ್ತೆಯ ಪಾಲಿಗೆ. ನಾನು ಕಾಯಿ ಅರೆದು ಮಾಡಿದೆ. ಅವರು ಹುಣಸೆಹುಳಿ, ಹುರಿದ ಎಳ್ಳು, ಕೈತುಂಬ ಖಾರ ಹಾಕಿ ಮಾಡಿದರು. ಮಾವ ಎರಡನ್ನೂ ಉಂಡು, ತಟ್ಟೆಯತ್ತ ನೋಡುತ್ತಲೇ, “ಇನ್ನೊಂದು ರೊಟ್ಟಿ ಹಾಕವ್ವ,” ಎಂದರು. ನನಗೆ ಹೇಳಿದ್ದು. ನಿಜ ಹೇಳಬೇಕೆಂದರೆ ಅತ್ತೆಯ ಸಾರೇ ಮೇಲಾಗಿತ್ತು. ಆ ಗಟ್ಟಿ ಮಾಂಸಕ್ಕೆ ಎಳ್ಳು ಅಷ್ಟು ಹೊಂದೀತೆಂದು ನಮ್ಮ ಕಡೆ ಯಾರಿಗೂ ಹೊಳೆದಿರಲಿಲ್ಲ.

ಹೆರಿಗೆಗೆ ನಾನು ತವರಿಗೆ ಹೋದೆ. ಹೆಣ್ಣುಮಗು ಹುಟ್ಟಿತು. ನೋಡಲು ಬಂದ ಅತ್ತೆ ಮೊಮ್ಮಗಳನ್ನು ಎತ್ತಿ ಮುದ್ದಾಡಿ, ಕೆಳಗಿಳಿಸಿದ ಕೂಡಲೇ ಕೇಳಿದರು, “ಆ ಮೀನು ಇರೂದು ಎಲ್ಲಿ?”

ಅಜ್ಜಿ ಅವರನ್ನು ಅಳಿವೆಗೆ ಕರೆದೊಯ್ದಳು. ಕಡಲು ಕಂಡದ್ದೇ ಅತ್ತೆ ಸೀರೆ ಎತ್ತಿಕಟ್ಟಿ ಮೊಣಕಾಲುದ್ದ ನೀರಿಗಿಳಿದರಂತೆ. ಮರುದಿನದಿಂದ ಗಾಳಕ್ಕೆ ಸಿಗಡಿ ಸಿಕ್ಕಿಸಿ ಬಂಡೆಯ ಮೇಲೆ ಕೂರುವುದೇ ಅವರ ಕೆಲಸವಾಯಿತು. ಒಂದೂ ಸಿಗಲಿಲ್ಲ. ಊರಿಗೆ ಹೊರಡುವ ದಿನ ಬೆಳಿಗ್ಗೆ ಕಡೆಯ ಸಲವೆಂದು ಹೋದರು. ನಾನು ಮಗುವನ್ನೆತ್ತಿಕೊಂಡು ಕರೆಯಲು ಹೋದರೆ ಅವರ ದಾರ ಬಿಗಿದು ನಿಂತಿತ್ತು.

“ಅತ್ತೆ, ಬಸ್ಸು ಹೊರಡುತ್ತೆ.”

“ಹೋಗ್ಲಿ ಬಿಡು. ಮೀನು ಹೋತಂದ್ರ ಮತ್ತ ಬರಾಂಗಿಲ್ಲ.”

ಬಸ್ಸು ಹೋಯಿತು, ಮೀನು ಬಂತು. ಅತ್ತೆ ಇನ್ನೊಂದು ವಾರ ನಮ್ಮ ಮನೆಯಲ್ಲೇ ಉಳಿದರು.