ಕಾಲುವೆಯ ಮೇಲ್ಗಡೆ ಕೊಟ್ಟ ಹೆಣ್ಣು

ನಮ್ಮ ಕಡೆ ಹೆಣ್ಣು ಕೇಳಲು ಬಂದವರನ್ನು ಮೊದಲು ವಿಚಾರಿಸುವುದು ಹುಡುಗನ ಓದನ್ನಲ್ಲ, ಬಣ್ಣವನ್ನಂತೂ ಅಲ್ಲ. ಹೊಲ ಎಷ್ಟನೇ ತೂಬಿಗೆ ಬರುತ್ತದೆ ಎಂದು ಕೇಳುತ್ತಾರೆ. ಕಾಲುವೆಯ ದಂಡೆಯಿಂದ ಹೊಲಗಳಿಗೆ ನೀರು ಬಿಡುವ ಕಿಂಡಿಗೆ ನಾವು ತೂಬು ಅನ್ನುತ್ತೇವೆ. ತೂಬು ಮೇಲಿನದಾದಷ್ಟೂ ವರ ಒಳ್ಳೆಯವನು. ನನ್ನ ಗಂಡ ಎರಡನೇ ತೂಬಿನವರು. ಆದ್ದರಿಂದ ಬಹಳ ಒಳ್ಳೆಯವರು ಎಂದು ತೀರ್ಮಾನಿಸಿದ ನಮ್ಮಪ್ಪ, ಬಂದವರು ಚಹಾ ಕುಡಿದು ಮುಗಿಸುವ ಮೊದಲೇ ಹೂಂ ಅಂದುಬಿಟ್ಟ.

ನನ್ನ ತವರು ಆ ಕಾಲುವೆಯ ಕಟ್ಟಕಡೆಯ ಊರು. ಮುನಿರಾಬಾದಿನಿಂದ ಹೊರಟ ಎಡದಂಡೆ ಕಾಲುವೆಯ ಒಂದು ಕವಲು ಗಂಗಾವತಿ ಸೀಮೆಯ ಊರೂರಿಗೂ ಹಂಚಿಕೊಳ್ಳುತ್ತ ಬಂದು, ನಮ್ಮ ಹೊಲ ಮುಟ್ಟುವಷ್ಟರಲ್ಲಿ ಹಾರಿ ದಾಟುವಷ್ಟು ಸಣ್ಣದಾಗುತ್ತದೆ. ಕಾಲುವೆ ತೋಡಿದಾಗ ಮೇಲಿನವರು ಸ್ವಲ್ಪವೇ ಭತ್ತ ಹಚ್ಚಿ, ಉಳಿದದ್ದರಲ್ಲಿ ಜೋಳ, ಹತ್ತಿ, ಶೇಂಗಾ ಬೆಳೆಯಬೇಕು, ಆಗ ನೀರು ಕೊನೆಯವರೆಗೂ ಮುಟ್ಟುತ್ತದೆ ಎಂಬ ಮಾತಿತ್ತಂತೆ. ಅಪ್ಪ ಇದನ್ನು ಎಷ್ಟು ಸಲ ಹೇಳಿದ್ದನೋ. ಆದರೆ ಕಣ್ಣ ಮುಂದೆ ನೀರು ಹರಿಯುವಾಗ ಜೋಳ ಬಿತ್ತುತ್ತ ಕೂರುವವರು ಯಾರು? ಆಂಧ್ರದ ಕಡೆಯಿಂದ ಬಂದು ಕ್ಯಾಂಪು ಎಂಬ ಹೊಸ ಊರು ಕಟ್ಟಿಕೊಂಡವರು ಭತ್ತ ಹಚ್ಚಿದರು, ನಮ್ಮವರೂ ನೋಡಿ ಕಲಿತರು, ವರ್ಷಕ್ಕೆ ಎರಡು ಬೆಳೆ ತೆಗೆದರು. ಆನೆಗೊಂದಿ ಕಡೆ ರಾಯರ ಕಾಲದ ಕಾಲುವೆಗಳು ಇವತ್ತಿಗೂ ಹರಿಯುತ್ತವೆ. ನಮ್ಮದು ಅಪ್ಪನ ಕಾಲದ್ದು, ಆಗಲೇ ಅದಕ್ಕೆ ಏದುಸಿರು.

ನನ್ನನ್ನೇನೋ ಅಪ್ಪ ಮೇಲಕ್ಕೆ ಕೊಟ್ಟು ನಿಶ್ಚಿಂತನಾದ. ತಮ್ಮನಿಗೆ ಹೆಣ್ಣು ಹುಡುಕುವಾಗ ಅದೇ ಪ್ರಶ್ನೆ ಅವನ ಬೆನ್ನಿಗೆ ಬಿತ್ತು. ಮೇಲಿನವರು ಕೆಳಗೆ ಹೆಣ್ಣು ಕೊಡುವುದಿಲ್ಲ. ಕೊನೆಗೆ ಯಲಬುರ್ಗಾ ಕಡೆ, ತಳಕಲ್ಲಿನ ಹತ್ತಿರದ ಒಂದು ಒಣಬೇಸಾಯದ ಮನೆಯ ಹುಡುಗಿ ಬಂದಳು. ಬಂದ ಮರುದಿನವೇ ನಮ್ಮ ಮೊಣಕಾಲುದ್ದದ ಕಾಲುವೆಗೆ ಅರಿಷಿಣ ಕುಂಕುಮ ಹಾಕಿ ಕೈಮುಗಿದಳು. ನನಗೆ ನಗು ತಡೆಯಲಾಗಲಿಲ್ಲ.

“ನಗಬ್ಯಾಡ್ರಿ ಅಕ್ಕಾರ,” ಅಂದಳು. “ನಮ್ಮೂರಾಗ ಇಷ್ಟು ನೀರು ಒಂದ ಕಡಿ ನೋಡಬೇಕಂದ್ರ ಭಾಳ ದೊಡ್ಡ ಮಳಿನ ಆಗಬೇಕ್ರಿ.”

ಕಾಲುವೆಗೆ ನೀರು ಬಿಡುವುದೂ, ನಾಗರಪಂಚಮಿಗೆ ತಮ್ಮ ನನ್ನನ್ನು ಕರೆಯಲು ಬರುವುದೂ ಹೆಚ್ಚೂಕಡಿಮೆ ಒಂದೇ ಹೊತ್ತಿಗೆ. ಅಪ್ಪ ಅವ್ವ ಇಬ್ಬರೂ ಹೋದ ಮೇಲೆ ನನ್ನ ತವರು ಅಂದರೆ ಅವನ ಬೈಕಿನ ಸದ್ದು. ಬಂದವನೇ ಅಂಗಳದಲ್ಲಿ ನಿಂತು, “ಅಕ್ಕಾ, ಮ್ಯಾಲಿನ ಊರಿನ ನೀರು ಕುಡುದು ಕುಡುದು ದಪ್ಪಾಗೀದಿ, ನನ್ನ ಗಾಡಿ ಎಳಿಯೂದಿಲ್ಲ ನೋಡು” ಎಂದು ಕಾಡುತ್ತಿದ್ದ. ನಾನೂ ಬಿಡುತ್ತಿರಲಿಲ್ಲ. ಅವನ ಹಿಂದೆ ಕೂತು ಕಾಲುವೆಯ ದಂಡೆಗುಂಟ ಕೆಳಕ್ಕೆ ಹೋಗುವಾಗ ಪಕ್ಕದಲ್ಲಿ ನೀರೂ ಬರುತ್ತಿತ್ತು. ಊರಲ್ಲಿ ಜೋಕಾಲಿ, ಹುರಿದ ಜೋಳದ ಅಳ್ಳು, ಎಳ್ಳುಂಡಿ, ಅವನ ಹೆಂಡತಿಯ ಉಪಚಾರ. ಆದರೆ ಪಂಚಮಿಗೆ ಹೆಣ್ಣುಮಗಳು ಕರೆಯದೆ ತವರಿಗೆ ಹೋಗುವ ಪದ್ಧತಿ ನಮ್ಮಲ್ಲಿಲ್ಲ. ಅಣ್ಣನೋ ತಮ್ಮನೋ ಬರಬೇಕು. ಬಾರದಿದ್ದರೆ ಇದ್ದಲ್ಲೇ ಉಂಡಿ ಕಟ್ಟಿಕೊಂಡು ತಿನ್ನಬೇಕು. ಓಣಿಯ ಹೆಂಗಸರು ಕೇಳಿದರೆ ಏನಾದರೊಂದು ಸುಳ್ಳು ಹೇಳಬೇಕು.

ಒಂದು ವರ್ಷ ಮಳೆ ತಡವಾಯಿತು, ಅಣೆಕಟ್ಟು ಅರ್ಧಕ್ಕೇ ನಿಂತಿತು. ನೀರನ್ನು ಪಾಳಿಯ ಮೇಲೆ ಬಿಡುವುದೆಂದಾಯಿತು. ಕೆಲವು ದಿನ ಮೇಲಿನವರಿಗೆ, ಆಮೇಲೆ ಮೇಲಿನ ತೂಬುಗಳನ್ನೆಲ್ಲ ಮುಚ್ಚಿ ಕೆಳಗಿನವರಿಗೆ. ತೂಬು ಮುಚ್ಚಿದರು, ನಿಜ. ಆದರೆ ನನ್ನ ಗಂಡನ ಊರವರು ದಂಡೆಯ ಮೇಲೆ ಡೀಸೆಲ್ ಎಂಜಿನ್ ಇಟ್ಟು, ಕಾಲುವೆಗೆ ಪೈಪು ಇಳಿಬಿಟ್ಟು, ಹಗಲೂ ರಾತ್ರಿ ಎತ್ತತೊಡಗಿದರು. ನಮ್ಮದೂ ಒಂದು ಎಂಜಿನ್ ಇತ್ತು. ನಾನು ಗಂಡನ ಜೊತೆ ಜಗಳಾಡಿದೆ, ಅನ್ನದ ಪಾತ್ರೆ ಕುಕ್ಕಿದೆ, ಎರಡು ಹೊತ್ತು ಮಾತು ಬಿಟ್ಟೆ. ಅವರು ಸುಮ್ಮನೆ ಉಂಡು ಎದ್ದು ಹೋದರು. ಎಂಜಿನ್ನಿಗೆ ನನ್ನ ಸಿಟ್ಟಿನ ಬಿಸಿ ತಟ್ಟಲಿಲ್ಲ.

ಪಂಚಮಿಯ ಹಿಂದಿನ ದಿನ ತಮ್ಮ ಬಂದ. ಡಾಂಬರು ರಸ್ತೆ ಬಿಟ್ಟು, ನೀರು ಎಲ್ಲಿಯವರೆಗೆ ಬಂದಿದೆ ನೋಡೋಣವೆಂದು ದಂಡೆಗುಂಟ ಮೇಲಕ್ಕೆ ಬಂದಿದ್ದ. ಅವನ ಭತ್ತದ ಸಸಿ ಮಡಿಯಲ್ಲೇ ಹಳದಿಯಾಗುತ್ತಿತ್ತು. ಒಣಗಿದ ಕಾಲುವೆ ನೋಡುತ್ತ ಬಂದವನಿಗೆ ಮೊದಲು ಹಸಿ ಕೆಸರು, ಆಮೇಲೆ ಕಪ್ಪೆ ಮುಳುಗದಷ್ಟು ನೀರು, ಆಮೇಲೆ ಸಾಲಾಗಿ ಪೈಪುಗಳು ಕಂಡಿವೆ. ಒಂದರ ಪಕ್ಕದಲ್ಲಿ ನನ್ನ ಗಂಡ ಕೂತಿದ್ದರು.

ನಾನು ಚೀಲ ಕಟ್ಟಿಕೊಂಡು ಸಿದ್ಧವಾಗಿದ್ದೆ. ಇಬ್ಬರೂ ಜೊತೆಯಾಗಿಯೇ ಮನೆಗೆ ಬಂದರು. ತಮ್ಮನ ಮುಖ ನೋಡಿದ ಕೂಡಲೇ ಅವನು ಪೈಪು ಕಂಡಿದ್ದಾನೆಂದು ನನಗೆ ಗೊತ್ತಾಯಿತು.

“ಮಾಮಾ, ಇದು ನಮ್ಮ ಪಾಳಿ ನೀರು,” ಅಂದ.

“ಎಲ್ಲಾರೂ ಎಂಜಿನ್ ಹಚ್ಯಾರಪಾ. ನಾ ಒಬ್ಬಾಂವ ಬಂದ್ ಮಾಡಿದ್ರ ನಿಮ್ಮೂರಿಗೆ ನೀರು ಬರತೈತೇನು?”

“ಬರೂದಿಲ್ಲ ಮಾಮಾ. ಆದ್ರೂ ಬಂದ್ ಮಾಡ್ರಿ.”

ನನ್ನ ಗಂಡ ಟವೆಲ್ಲಿನಿಂದ ಕಾಲಿನ ಕೆಸರು ಒರೆಸತೊಡಗಿದರು. ಅವರು ಕೆಟ್ಟವರಲ್ಲ. ನಾಟಿ ಮಾಡಿದ ಗದ್ದೆ ಬಿರುಕು ಬಿಡುವುದನ್ನು ನೋಡುತ್ತ ಕೂರುವ ಧೈರ್ಯ ಅವರಿಗಿರಲಿಲ್ಲ, ಅಷ್ಟೇ. ಹೊಲದ ಕಡೆಯಿಂದ ಎಂಜಿನ್ನಿನ ಸದ್ದು ಕೇಳುತ್ತಲೇ ಇತ್ತು. ತಮ್ಮ ಹೊರಡಲು ಎದ್ದ. ನನ್ನ ಚೀಲ ನೋಡಿ ತಲೆ ತಗ್ಗಿಸಿದ.

“ಅಕ್ಕಾ, ಕಾಲುವಿಗೆ ನೀರು ಬಂದ ಮ್ಯಾಲ ಕರಿಯಾಕ ಬರ್ತೀನಿ. ಈಗ ಬ್ಯಾಡ. ಸಸಿ ಒಣಗೂ ಮನ್ಯಾಗ ಜೋಕಾಲಿ ಹ್ಯಾಂಗ ಕಟ್ಟೂದು?”

ಆ ವರ್ಷ ಅವನ ಊರಿಗೆ ನೀರು ಮುಟ್ಟಲಿಲ್ಲ. ಮರುವರ್ಷ ಮುಟ್ಟಿತು, ಆದರೆ ನಾಟಿಯ ಹೊತ್ತು ಮೀರಿದ ಮೇಲೆ. ಅದರ ಮುಂದಿನ ವರ್ಷ ಅಣೆಕಟ್ಟು ತುಂಬಿದರೂ ಮೇಲೆ ಗದ್ದೆ ಇನ್ನಷ್ಟು ಹರಡಿತ್ತು, ಪೈಪುಗಳೂ ಹೆಚ್ಚಾಗಿದ್ದವು. ನಾನು ಫೋನು ಮಾಡುತ್ತಿದ್ದೆ. ಅವನು ಎಲ್ಲರನ್ನೂ ವಿಚಾರಿಸುತ್ತಿದ್ದ, ನನ್ನ ಗಂಡನನ್ನೂ. ಪಂಚಮಿಯ ಮಾತು ಬಂದರೆ ಮಾತ್ರ, “ಬರ್ತೀನಿ ಅಕ್ಕಾ, ನೀರು ಬರ್ಲಿ” ಅನ್ನುತ್ತಿದ್ದ. ಅವನ ಮಾತಿನಲ್ಲಿ ಸಿಟ್ಟಿರಲಿಲ್ಲ. ಸಿಟ್ಟಿದ್ದಿದ್ದರೆ ನಾನೂ ನಾಲ್ಕು ಮಾತಾಡಿ ಹಗುರಾಗುತ್ತಿದ್ದೆ. ಅವನಿಗೆ ನಾಚಿಕೆಯಾಗುತ್ತಿತ್ತು. ಅಕ್ಕನನ್ನು ಕರೆತಂದು ಕೊಂಡ ಅಕ್ಕಿಯಲ್ಲಿ ಅನ್ನ ಮಾಡಿ ಬಡಿಸಬೇಕಲ್ಲ ಎಂಬ ನಾಚಿಕೆ.

ಶ್ರಾವಣ ಬಂತೆಂದರೆ ನಾನು ಕಾಲುವೆಗೆ ಹೋಗಿ ನೀರು ನೋಡುತ್ತಿದ್ದೆ. ದಂಡೆ ತುಂಬಿ ಹರಿಯುತ್ತಿದ್ದರೆ ಈ ಸಲ ಮುಟ್ಟಬಹುದು ಅನ್ನಿಸುತ್ತಿತ್ತು. ಹೆಂಗಸರು ಬಟ್ಟೆ ಒಗೆಯುತ್ತ, “ಯಾಕ್ರಿ, ತಮ್ಮ ಇನ್ನಾ ಬಂದಿಲ್ಲೇನು?” ಎಂದು ಕೇಳುತ್ತಿದ್ದರು. ಕೆಲಸ ಭಾಳ ಐತಂತ ಎಂದು ಹೇಳಿ ಬರುತ್ತಿದ್ದೆ. ಮನೆಗೆ ಬಂದರೆ ಆ ನೀರಿನದೇ ಅನ್ನ. ಅದು ನಮ್ಮ ಹೊಲದ ಅಕ್ಕಿ, ಒಳ್ಳೆಯ ಅಕ್ಕಿ. ಹಸಿವೆಯಾದಾಗ ಉಣ್ಣಲೇಬೇಕು.

ಹೋದ ವರ್ಷ ಸುಗ್ಗಿ ಮುಗಿದ ಮೇಲೆ ನನ್ನ ಗಂಡ ಭತ್ತ ಹಾಕಲು ಗಂಗಾವತಿಯ ಒಂದು ರೈಸ್‌ಮಿಲ್ಲಿಗೆ ಹೋದರು. ಸಂಜೆ ಬಂದವರು ಕಾಲು ತೊಳೆಯದೆ ಪಡಸಾಲೆಯಲ್ಲಿ ಕೂತುಬಿಟ್ಟರು. ಊಟಕ್ಕೆ ಕರೆದಾಗ, “ನಿನ್ನ ತಮ್ಮ ಅಲ್ಲಿ ಹಮಾಲಿ ಮಾಡಾಕತ್ತಾನ,” ಅಂದರು. “ನಮ್ಮ ಚೀಲ ಅವನ ಇಳಿಸಿದ. ಬ್ಯಾಡಪಾ ಅಂದ್ರ, ‘ಯಾರದಾದ್ರೂ ಭತ್ತನ ಅಲ್ಲೇನು ಮಾಮಾ’ ಅಂದ.”

ಎರಡನೇ ಬೆಳೆಯ ನೀರಿನಲ್ಲಿ ಕೆಳಗಿನವರ ಪಾಳಿ ಬಂದಾಗ ನನ್ನ ಗಂಡ ಎಂಜಿನ್ ಬಿಚ್ಚಿ ಮನೆಗೆ ತಂದಿಟ್ಟರು. ಯಾರಿಗೂ ಹೇಳಲಿಲ್ಲ, ನನಗೂ ಹೇಳಲಿಲ್ಲ. ನಾನು ಆಸೆಯಿಂದ ದಂಡೆಗೆ ಓಡಿಹೋಗಿ ನೋಡಿದೆ. ನಾವು ಬಿಟ್ಟ ನೀರು ನಮ್ಮ ಹೊಲ ದಾಟಿ ಪಕ್ಕದವರ ಪೈಪಿನವರೆಗೆ ಹೋಗಿತ್ತು. ಅವರು ಆ ವಾರ ಇನ್ನೊಂದು ಪೈಪು ಹಾಕಿದ್ದರು. ಅವರ ಬಾಗಿಲಿಗೆ ಹೋಗಿ ಬಾಯಿಗೆ ಬಂದದ್ದು ಬೈದು ಬಂದೆ. ಅವರು ನನ್ನ ಗಂಡ ಹಿಂದೆ ಹೇಳಿದ್ದನ್ನೇ ನನಗೆ ಹೇಳಿದರು.

ಮರುದಿನ ಬೆಳಿಗ್ಗೆ ನಾನೇ ಗಂಗಾವತಿಯ ಬಸ್ಸು ಹತ್ತಿದೆ. ತಮ್ಮ ಕರೆಯಲು ಬಾರದಿದ್ದರೆ ಬೇಡ, ನಾನೇ ಅವನನ್ನು ನಮ್ಮ ಮನೆಗೆ ಕರೆತರುತ್ತೇನೆ, ಯಾರು ಏನಾದರೂ ಅಂದುಕೊಳ್ಳಲಿ ಎಂದು. ಮಿಲ್ಲಿನ ಅಂಗಳದಲ್ಲಿ ಹೊಟ್ಟಿನ ಧೂಳು ಮುಸುಕಿತ್ತು. ಅವನು ತಲೆಗೆ ಗೋಣಿಯ ಕೊಪ್ಪೆ ಹಾಕಿಕೊಂಡು ಲಾರಿಯ ಹತ್ತಿರ ನಿಂತಿದ್ದ. ಹುಬ್ಬಿಗೆಲ್ಲ ತೌಡು ಹತ್ತಿ, ನನಗಿಂತ ದೊಡ್ಡವನಂತೆ ಕಂಡ. ನನ್ನನ್ನು ನೋಡಿ ನಕ್ಕ.

“ನಡಿ ಮನಿಗೆ,” ಅಂದೆ. “ನಿಮ್ಮ ಮಾಮಾ ಎಂಜಿನ್ ತಗದಾರ. ಮುಂದಿನ ವರ್ಷ ಮತ್ತೊಬ್ರು ತಗೀತಾರ. ನಿನ್ನ ಹೊಲಕ್ಕ ನೀರು ಬಂದ ಬರತೈತಿ.”

ಅವನು ಕೊಪ್ಪೆ ತೆಗೆದು ಮುಖ ಒರೆಸಿಕೊಂಡ.

“ಹೊಲ ಎಲ್ಲೈತಿ ಅಕ್ಕಾ? ಇಟ್ಟಂಗಿ ಭಟ್ಟಿಯವರಿಗೆ ಕೊಟ್ಟು ಎರಡು ವರ್ಷ ಆತು. ಮಣ್ಣು ತಗದು ತಗ್ಗು ಮಾಡ್ಯಾರ.”

ಅಲ್ಲೇ ಚೀಲಗಳ ಮೇಲೆ ಕೂತೆ. ಹಾಗಾದರೆ ನೀರು ಬರಲಿ, ನೀರು ಬರಲಿ ಎಂದು ನೀನು ಫೋನಿನಲ್ಲಿ ಯಾಕೆ ಹೇಳುತ್ತಿದ್ದೆ ಎಂದು ಕೇಳಿದೆ. ಸಿಟ್ಟಿನಲ್ಲಿ ಅವನ ರಟ್ಟೆಗೆ ಹೊಡೆದೂಬಿಟ್ಟೆ.

“ಮತ್ತೇನ್ ಹೇಳ್ಲಿ?” ಅಂದ. “ಹೊಲ ಹೋತು ಅಂದಿದ್ರ ನೀ ನನ್ನ ಹಾದಿ ನೋಡೂದ ಬಿಡ್ತಿದ್ದಿ.”