ನನ್ನ ಆಟಕ್ಕೆ ಅಪ್ಪನೇ ಗಿರಾಕಿ

ಎರಡು ಸಾವಿರದ ದಶಕ ಮುಗಿಯುವ ಹೊತ್ತಿಗೆ ನಾನೊಂದು ವಿಡಿಯೋ ಗೇಮ್ ಮಾಡಿದ್ದೆ. ಜಗತ್ತೇ ಬೆರಗಾಗುತ್ತದೆ ಎಂದುಕೊಂಡಿದ್ದೆ. ಮನಸ್ಸಿಟ್ಟು ಆಡಿದವರು ನನ್ನ ಅಪ್ಪ ಒಬ್ಬರೇ. ಅದೂ ದಿಲ್ಲಿಯ ಮಯೂರ್ ವಿಹಾರ್‌ನ ನಮ್ಮ ಹೋಟೆಲಿನ ಬಿಲ್ಲಿಂಗ್ ಕಂಪ್ಯೂಟರಿನಲ್ಲಿ, ಮಧ್ಯಾಹ್ನದ ಗಲಾಟೆ ಇಳಿದ ಮೇಲೆ. ಅಡುಗೆಮನೆ ಅವರದು, ಗಲ್ಲಾ ನನ್ನದು.

ಆಟದಲ್ಲೂ ಒಂದು ಹೋಟೆಲು, ಗಲ್ಲಾದಲ್ಲಿ ಒಬ್ಬ ಹುಡುಗಿ. ಶಟರ್ ಇಳಿಸಿದರೆ ಮತ್ತೆ ಅದೇ ಬೆಳಗು, ಅದೇ ಗಿರಾಕಿಗಳು, ಅದೇ ಮಾತು. ಇದರಿಂದ ಹೊರಬರಬೇಕಾದರೆ ಹುಡುಗಿ ಎದ್ದು ಬಾಗಿಲು ದಾಟಬೇಕು, ಅಷ್ಟೇ. ಗುಡಗಾಂವ್‌ನ ಒಂದು ಸಣ್ಣ ಗೇಮ್ ಕಂಪನಿ ನನ್ನನ್ನು ಕೆಲಸಕ್ಕೆ ಕರೆದಿತ್ತು, ತಿಂಗಳ ಕೊನೆಯೊಳಗೆ ಉತ್ತರ ಕೊಡಬೇಕಿತ್ತು. ಅಪ್ಪನಿಗೆ ಹೇಳಲು ಧೈರ್ಯವಿಲ್ಲ. ಆಟ ಮುಗಿಸಿದರೆ ತಾನಾಗಿ ಅರ್ಥವಾಗುತ್ತದೆ ಎಂದು ಕಾದೆ. ಒಂದು ಮಾತು ಬಾಯಿಬಿಟ್ಟು ಹೇಳುವ ಬದಲು ಒಂದು ಆಟವನ್ನೇ ಮುಂದಿಟ್ಟ ಮಹಾಜಾಣೆ ನಾನು.

ಅಪ್ಪ ಹೊರಬರುವ ಲಕ್ಷಣವೇ ಕಾಣಲಿಲ್ಲ.

"ಚಟ್ನಿ ಎಂತ ಮಾರಾಯ್ತಿ ಇಷ್ಟು ಹಸಿರು? ಪೇಂಟಾ?"

ವರ್ಷನ್ 1.1ರಲ್ಲಿ ಚಟ್ನಿ ಬೆಳ್ಳಗಾಯಿತು.

"ಸಾಂಬಾರ್ ಎರಡನೇ ಸಲ ಕೇಳಿದರೆ ನಿನ್ನ ಹುಡುಗಿ ಸುಮ್ಮನೆ ಕೂರ್ತಾಳೆ. ದಿಲ್ಲಿಯವರು ಬರುವುದೇ ಸಾಂಬಾರ್ ಕುಡಿಯಲಿಕ್ಕೆ."

1.2ರಲ್ಲಿ ಗಿರಾಕಿಗಳೆಲ್ಲ "ದೀದಿ, ಸಾಂಬಾರ್ ಔರ್ ದೇನಾ" ಅನ್ನತೊಡಗಿದರು, ಹುಡುಗಿ ಕೇಳಿದಷ್ಟು ಬಡಿಸತೊಡಗಿದಳು. ಆದರೆ ನನ್ನ ಕೈಗುಣ ನೋಡಿ, ಬಟ್ಟಲು ಖಾಲಿಯಾದ ಕೂಡಲೇ ಗೋಡೆಯೊಳಗೆ ನಡೆದುಹೋಗುತ್ತಿದ್ದರು. ನಾಚಿಕೆಯಿಂದ ಸತ್ತೆ. ಅಪ್ಪ ಮಾತ್ರ, "ಹೋಗಲಿ ಬಿಡು, ಟೇಬಲ್ ಖಾಲಿ ಆಯ್ತಲ್ಲ" ಎಂದರು.

1.3ರ ಹೊತ್ತಿಗೆ ಅವರಿಗೆ ಅಲ್ಲೇ ಹಿತವಾಗಿತ್ತು. "ಹಿಟ್ಟು ಹುಳಿ ಬರುವುದಿಲ್ಲ, ಅಡುಗೆಯವರು ರಜೆ ಕೇಳುವುದಿಲ್ಲ. ಇದಕ್ಕಿಂತ ಒಳ್ಳೆ ಹೋಟೆಲ್ ಉಂಟಾ?"

ತಿಂಗಳು ಮುಗಿಯುತ್ತ ಬಂತು. ತಾಳ್ಮೆ ಕೆಟ್ಟು ಕೇಳಿಯೇಬಿಟ್ಟೆ. "ಅಪ್ಪಾ, ಒಮ್ಮೆ ಬಾಗಿಲ ಹತ್ತಿರ ಹೋಗಿ ನೋಡಬಾರದಾ?"

"ಅದು ಮೊದಲ ದಿನವೇ ಸಿಕ್ಕಿತು" ಎಂದರು, ಪರದೆಯಿಂದ ಕಣ್ಣು ತೆಗೆಯದೆ. "ಅವಳು ಎದ್ದು ಹೋಗ್ತಾಳೆ, ಆಟ ಮುಗೀತದೆ. ಗಲ್ಲಾ ಖಾಲಿ. ನೋಡಲಿಕ್ಕೆ ಆಗುವುದಿಲ್ಲ. ಅದಕ್ಕೇ ಪುನಃ ಶುರು ಮಾಡ್ತೇನೆ."

ಹುಡುಗಿ ಬಾಗಿಲು ದಾಟುವಾಗ ಬಿಸಿಲು ಹೇಗೆ ಬೀಳಬೇಕು ಎಂದು ವಾರಗಟ್ಟಲೆ ತಲೆ ಕೆಡಿಸಿಕೊಂಡಿದ್ದ ನಾನು, ಅವಳು ಹೋದಮೇಲೆ ಹೋಟೆಲಿನಲ್ಲಿ ಏನಾಗುತ್ತದೆ ಎಂದು ಒಂದು ಸಾಲೂ ಬರೆದಿರಲಿಲ್ಲ. ಕೆಲಸವೂ ಬೇಡ, ಏನೂ ಬೇಡ ಅನ್ನಿಸಿತು.

"ಹೋಗುವುದು ಎಲ್ಲಿಗೆ ಅವಳು?" ಅಪ್ಪ ಕೇಳಿದರು.

"ಗುಡಗಾಂವ್‌ಗೆ" ಎಂದುಬಿಟ್ಟೆ.

ಅಪ್ಪ ಹೆಗಲ ಮೇಲಿನ ಟವೆಲ್ ತೆಗೆದು ಕೀಬೋರ್ಡಿನ ಮೇಲಿದ್ದ ಹಿಟ್ಟಿನ ಕಲೆ ಒರೆಸಿದರು.

"ಮುಂದಿನ ವರ್ಷನ್‌ನಲ್ಲಿ ಗಲ್ಲಾದ ಮೇಲೆ ನನ್ನನ್ನು ಕೂರಿಸು" ಎಂದರು. "ಆಮೇಲೆ ಅವಳು ಹೋಗಲಿ."