ಗದ್ದೆಮ್ಮ ಉಣ್ಣದ ಮದುವೆ

ಪಾಮನಕಲ್ಲೂರಿನ ಅಂಗನವಾಡಿ ಕಾರ್ಯಕರ್ತೆ ಗದ್ದೆಮ್ಮ ಮದುವೆ ಮನೆಯಲ್ಲಿ ಸುಮ್ಮನೆ ಊಟಕ್ಕೆ ಕೂರುವವಳಲ್ಲ. ಊರಿನ ಕೂಸುಗಳನ್ನೆಲ್ಲ ತೂಗಿದವಳು ಅವಳೇ. ಹುಟ್ಟಿದ ತಾರೀಖುಗಳೆಲ್ಲ ಅವಳ ರಿಜಿಸ್ಟರಿನಲ್ಲಿವೆ. ಮದುಮಗಳಿಗೆ ಹದಿನೆಂಟು ತುಂಬಿಲ್ಲವೆಂದರೆ ಉಣ್ಣದೆ ಎದ್ದು ಬಂದು ಮಕ್ಕಳ ಸಹಾಯವಾಣಿಗೆ ಫೋನು ಮಾಡುತ್ತಾಳೆ. ಹಾಗಾಗಿ ಈಗೀಗ ಜನ ಲಗ್ನಪತ್ರಿಕೆ ಅಚ್ಚು ಹಾಕಿಸುವ ಮೊದಲೇ ಅವಳನ್ನು ಕೇಳುತ್ತಾರೆ, ಒಳಗೊಳಗೇ ಬೈದುಕೊಳ್ಳುತ್ತ.

ಮೊನ್ನೆ ಲಿಂಗಸುಗೂರಿನ ತರಬೇತಿಯಲ್ಲಿ ಅಧಿಕಾರಿಯೊಬ್ಬರು ದೇಶದೇಶಗಳ ಪದ್ಧತಿ ವಿವರಿಸಿದರು. ಮಗುವಿಗೆ ಅನ್ಯಾಯವಾದರೆ ಕೆಲವು ದೇಶಗಳಲ್ಲಿ ಮೊದಲು ತಪ್ಪಿತಸ್ಥರನ್ನು ಹುಡುಕುತ್ತಾರಂತೆ. ಇನ್ನು ಕೆಲವು ಕಡೆ ಆ ಮನೆಗೆ ಏನು ನೆರವು ಬೇಕೆಂದು ಕೇಳುತ್ತಾರಂತೆ.

“ನಿಮ್ಮೂರಾಗ ಮೊದಲು ಹೆಂಗಿತ್ತಮ್ಮ?” ಎಂದು ಅಧಿಕಾರಿ ಕೇಳಿದರು.

“ಹನ್ನೆರಡಕ್ಕ ನನ್ನ ಲಗ್ನ ಆತ್ರೀ,” ಎಂದಳು ಗದ್ದೆಮ್ಮ. “ಊರಿಗೆ ಊರೇ ಬಂದು ಹೊಟ್ಟಿ ತುಂಬ ಉಂಡು ಹೋತು.”